ಪುಣೆಯಿಂದ ಬಂದ ಪಾದ

ಇವತ್ತು ಬೆಳಿಗ್ಗೆ ನಿಮ್ಮ ಅಕ್ಕ ರೇಖಾಳ ಕಂಪ್ಯೂಟರಿಗೆ ಒಂದು ಪಾದ ಬಂತು. ಸಕ್ಕರೆ ಕಾಯಿಲೆಯವರಿಗೆ ನಾವು ಮೆತ್ತನೆಯ ಚಪ್ಪಲಿ ಮಾಡಿಕೊಡುತ್ತೇವಲ್ಲ, ಅವರ ಕಾಲಿನ ನಕ್ಷೆಯನ್ನು ದವಾಖಾನೆಯವರು ಬೀಗ ಹಾಕಿದ ಫ್ಯಾಕ್ಸಿನಲ್ಲಿ ಕಳಿಸುತ್ತಾರೆ. ರೋಗಿಯ ಗುಟ್ಟು ಹೊರಬೀಳಬಾರದಂತೆ. ಅಂಗಡಿ ಇನ್ನೂ ನನ್ನ ಹೆಸರಿನಲ್ಲಿರುವುದರಿಂದ ಬೀಗ ತೆಗೆಯುವ ಸಂಖ್ಯೆ ನನ್ನ ಮೊಬೈಲಿಗೇ ಬರುತ್ತದೆ.

"ಆಯಿ, ನಂಬರ್ ಸಣ್ಣ ದನಿಲೆ ಹೇಳು. ಹೊರಗ ಮಂದಿ ಅದಾರ," ಎಂದಳು ರೇಖಾ.

ನನಗೆ ನಗು ಬಂತು. ಸ್ವಲ್ಪ ಜೋರಾಗಿ ಮಾತಾಡು ಎಂದು ನನಗೆ ಹೇಳಿದವರು ಬಹಳ. ಮೆಲ್ಲಗೆ ಮಾತಾಡು ಎಂದವಳು ಇವಳೊಬ್ಬಳೇ.

ಮಕ್ಕಳೇ, ನಮಗೆ ಬಂದ ಮೊದಲ ಫ್ಯಾಕ್ಸಿಗೆ ಬೀಗವೂ ಇರಲಿಲ್ಲ, ಬಾಗಿಲೂ ಇರಲಿಲ್ಲ. ಅದು ಬಂದದ್ದು ಅಥಣಿ ಬಸ್ ನಿಲ್ದಾಣದ ಎದುರಿನ ಝೆರಾಕ್ಸ್ ಅಂಗಡಿಗೆ. ಪುಣೆಯ ವ್ಯಾಪಾರಿಯೊಬ್ಬ ಮಗನ ಮದುವೆಗೆ ಒಂದು ಜೋಡಿ ಚಪ್ಪಲಿ ಕೇಳಿದ್ದ. ಅದು ಮನಸ್ಸಿಗೆ ಬಂದರೆ ತನ್ನ ಅಂಗಡಿಗೂ ನಮ್ಮ ಮಾಲನ್ನೇ ತರಿಸುತ್ತೇನೆ ಎಂದಿದ್ದ. ಮದುಮಗನ ಪಾದವನ್ನು ಹಾಳೆಯ ಮೇಲೆ ಇಡಿಸಿ, ಸುತ್ತ ಪೆನ್ನಿನಿಂದ ಗೆರೆ ಎಳೆದು, ಆ ಹಾಳೆಯನ್ನೇ ಫ್ಯಾಕ್ಸ್ ಮಾಡಿದ್ದ. ನಿಮ್ಮ ಅಜ್ಜ ಹೋಗುವಷ್ಟರಲ್ಲಿ ಬಸ್ಸಿಗೆ ಕಾಯುತ್ತಿದ್ದವರೆಲ್ಲ ಅದನ್ನು ನೋಡಿ ಮುಗಿಸಿದ್ದರು.

"ಹೆಬ್ಬೆರಳಿಗಿಂತ ಮಗ್ಗಲ ಬೆರಳ ಉದ್ದ ಐತಿ. ಇಂವ ಹೆಂಡ್ತಿ ಮಾತ ಮೀರಾಂವಲ್ಲ," ಎಂದು ಕಂಡಕ್ಟರೊಬ್ಬ ತೀರ್ಪು ಕೊಟ್ಟನಂತೆ.

"ನಿಮ್ಮ ಬೆರಳ ಹೆಂಗ ಐತ್ರಿ?" ಎಂದು ಅಜ್ಜ ಕೇಳಿದರೆ, "ನಂದು ಬೂಟಿನಾಗ ಐತಿ, ಯಾರಿಗೂ ಕಾಣಂಗಿಲ್ಲ," ಎಂದನಂತೆ.

ನನ್ನ ಮಾವ, ಅಂದರೆ ನಿಮ್ಮ ಮುತ್ತಜ್ಜ, ಅದೇ ದಿನ ಒಳ್ಳೆಯ ಚರ್ಮ ಆರಿಸಿ, ಅದನ್ನು ಕೊಯ್ಯುವ ರಂಪಿ ಮಸೆದು ಕುಳಿತರು. ಮೂಲೆಯಲ್ಲಿ ಕುಳಿತು ಚಪ್ಪಲಿಯ ಪಟ್ಟಿ ಹೆಣೆಯುವುದು ನನ್ನ ಕೆಲಸ. ಫ್ಯಾಕ್ಸ್ ಕಾಗದ ಪಕ್ಕದಲ್ಲೇ ಸುರುಳಿ ಸುತ್ತಿಕೊಂಡು ಬಿದ್ದಿತ್ತು. ಬಿಡಿಸಿ ನೋಡಿದೆ. ಪಾದದ ಹಿಂದೆ ನೋಟ್‌ಬುಕ್ಕಿನ ಗೆರೆಗಳಿದ್ದವು. ಯಾಕೋ ಕಣ್ಣಿಗೆ ಇಕ್ಕಟ್ಟೆನಿಸಿತು. ಏಳನೆಯ ಇಯತ್ತೆಯವರೆಗೆ ಹಳ್ಳಿ ಶಾಲೆಯಲ್ಲಿ ಗೆರೆಯ ಮೇಲೆ ಬರೆದ ಕಣ್ಣು ನನ್ನದು. ಲೆಕ್ಕದಲ್ಲಿ ದಡ್ಡಿಯಾಗಿದ್ದರೂ ಗೆರೆ ತಪ್ಪಿ ಬರೆದವಳಲ್ಲ. ಮೈದುನನ ನೋಟ್‌ಬುಕ್ ತಂದು ಪಕ್ಕಕ್ಕಿಟ್ಟೆ. ಇದರ ಹನ್ನೊಂದು ಗೆರೆಗಳ ಜಾಗದಲ್ಲಿ ಫ್ಯಾಕ್ಸಿನ ಹನ್ನೆರಡು ಗೆರೆಗಳು ಕುಳಿತಿದ್ದವು. ಯಂತ್ರ ಹಾಳೆಯನ್ನು ಕುಗ್ಗಿಸಿತ್ತು, ಜೊತೆಗೆ ಮದುಮಗನ ಪಾದವನ್ನೂ.

ಹೇಳಬೇಕು. ಆದರೆ ಮದುವೆಯಾಗಿ ಮೂರು ವರ್ಷವಾದರೂ ನನ್ನ ದನಿ ಹೇಗಿದೆಯೆಂದು ಮಾವನಿಗೆ ಗೊತ್ತಿರಲಿಲ್ಲ. ಅಜ್ಜ ಚಹಾ ತರಲು ಹೋಗಿದ್ದರು. ರಂಪಿ ಚರ್ಮಕ್ಕೆ ತಾಗಿತು.

"ಮಾವಾರ, ಕೊಯ್ಯಬ್ಯಾಡ್ರಿ," ಎಂದೆ.

ಮಾವ ನನ್ನ ಕಡೆ ನೋಡಲಿಲ್ಲ, ಬಾಗಿಲ ಕಡೆ ನೋಡಿದರು. ಯಾರೋ ಹೊರಗಿನವರು ಬಂದರೆಂದು ತಿಳಿದಿದ್ದರು. ನಾನು ನೋಟ್‌ಬುಕ್ಕನ್ನೂ ಫ್ಯಾಕ್ಸನ್ನೂ ಅವರ ಮುಂದೆ ಸರಿಸಿದೆ. ಬೆರಳಿಟ್ಟು ಎರಡು ಸಲ ಎಣಿಸಿದರು.

"ಪುಣೆದ ನೋಟ್‌ಬುಕ್ಕು, ಅಥಣಿ ನೋಟ್‌ಬುಕ್ಕು ಒಂದ ನಮೂನಿ ಇರ್ತಾವೇನವಾ?"

"ಗೊತ್ತಿಲ್ರಿ. ಕೇಳಿ ನೋಡ್ರಿ."

ಚಹಾ ಕೆಳಗಿಟ್ಟು ಅಜ್ಜ ಫೋನ್ ಮಾಡಲು ಮತ್ತೆ ಓಡಿದರು. ಕಾಗದದ ಪಾದ ಹತ್ತು ಇಂಚು. ಪುಣೆಯ ಪಾದ ಹನ್ನೊಂದಕ್ಕೆ ಕೂದಲೆಳೆಯಷ್ಟು ಕಡಿಮೆ. ಮಾವ ಜೋರಾಗಿ ನಕ್ಕು, "ಇನ್ನ ಮ್ಯಾಲ ಫ್ಯಾಕ್ಸ್ ಬಂದ್ರ ಮೊದಲ ಸೊಸಿ ಕೈಯಾಗ ಕೊಡಪಾ," ಎಂದು ಮಗನಿಗೆ ಹೇಳಿದರು. ಚಪ್ಪಲಿ ಮದುಮಗನ ಕಾಲಿಗೆ ಸರಿಯಾಗಿ ಕೂತಿತು. ಆ ಅಂಗಡಿಗೆ ನಮ್ಮ ಮಾಲು ಇಂದಿಗೂ ಹೋಗುತ್ತದೆ. ಆ ಮದುಮಗ ಹೆಂಡತಿಯ ಮಾತು ಮೀರಿದನೋ ಇಲ್ಲವೋ, ಅದು ಮಾತ್ರ ತಿಳಿಯಲಿಲ್ಲ.

ಇವತ್ತಿನ ಪಾದವನ್ನು ರೇಖಾ ಪ್ರಿಂಟ್ ತೆಗೆಯುವಾಗ, "ಅಳತಿ ಬರದಾರೇನ?" ಎಂದು ಕೇಳಿದೆ. ಬರೆದಿರಲಿಲ್ಲ. ಬೀಗವೇನೋ ಗಟ್ಟಿಯೇ, ಆದರೆ ಪ್ರಿಂಟರು ಈಗಲೂ ಹಾಳೆಗೆ ತಕ್ಕಂತೆ ಕುಗ್ಗಿಸುತ್ತದೆ.

"ನೀನ ಕೇಳು ಆಯಿ," ಎಂದು ಅವಳು ಫೋನ್ ಹಚ್ಚಿ ಕೈಗೆ ಕೊಟ್ಟೇಬಿಟ್ಟಳು. ಆ ಕಡೆ ಡಾಕ್ಟರು, ಈ ಕಡೆ ಬಾಗಿಲ ತುಂಬ ಗಿರಾಕಿಗಳು. ಸೆರಗು ಎಳೆದುಕೊಳ್ಳುವುದನ್ನೂ ನಾನು ಮರೆತೆ.

"ಸರ, ಹೆಸರ ಬ್ಯಾಡ, ಊರ ಬ್ಯಾಡ. ಹಿಮ್ಮಡದಿಂದ ಬೆರಳ ತುದಿ ತನಕ ಎಷ್ಟ ಇಂಚ ಐತಿ, ಅಷ್ಟ ಹೇಳ್ರಿ."