ಬ್ರೇಕಿನ ದಿನದ ಸಾರು

ಆ ದಿನ ಬೆಳಿಗ್ಗೆ ಚಹಾಕ್ಕೆ ಎರಡು ಸಲ ಸಕ್ಕರೆ ಹಾಕಿದೆ. ಒಂದು ಹಾಸ್ಟೆಲ್ ತುಂಬ ಹುಡುಗಿಯರಿಗೆ ಒಂಬತ್ತು ವರ್ಷ ಅಡುಗೆ ಮಾಡಿದ ಕೈ, ಎರಡು ಕಪ್ ಚಹಾಕ್ಕೆ ಅಳತೆ ತಪ್ಪಿತ್ತು. ಹನ್ನೊಂದು ಗಂಟೆಗೆ ವಿಜಯಪುರದ ಕಾರ್ಮಿಕ ಇಲಾಖೆಯಲ್ಲಿ ನಮ್ಮ ಅರ್ಜಿಯ ವಿಚಾರಣೆಯಿತ್ತು. ಹೋದ ಕೆಲಸ ಮರಳಿ ಬರುತ್ತದೋ ಇಲ್ಲವೋ, ಅಂದು ಗೊತ್ತಾಗಬೇಕಿತ್ತು.

ತಿಕೋಟಾದ ಖಾಸಗಿ ಹಾಸ್ಟೆಲೊಂದರಲ್ಲಿ ನಾನು ಅಡುಗೆಯವಳು. ಮನೆ ವಿಜಯಪುರದ ಅಥಣಿ ರಸ್ತೆಯಲ್ಲಿ. ಬೆಳಗಿನ ಮೊದಲ ಬಸ್ಸಿಗೆ ಹೋದರೆ ಉಪ್ಪಿಟ್ಟಿನ ಹೊತ್ತಿಗೆ ಸರಿಹೋಗುತ್ತಿತ್ತು. ಕರಾರು ಹನ್ನೊಂದು ತಿಂಗಳಿನದು. ಅದು ಮುಗಿದ ಮೇಲೆ ಎರಡು ದಿನ 'ಬ್ರೇಕ್': ಹಾಜರಿ ಪುಸ್ತಕದಲ್ಲಿ ನಮ್ಮ ಸಹಿ ಇರುವುದಿಲ್ಲ. ಮೂರನೆಯ ದಿನ ಹೊಸ ಕರಾರು. ಆದರೆ ಅಡುಗೆಯವಳಿಗೆ ಬ್ರೇಕ್ ಎಂದರೆ ಹುಡುಗಿಯರ ಹೊಟ್ಟೆ ಕೇಳುತ್ತದೆಯೇ? ಆ ಎರಡು ದಿನವೂ ಹೋಗಿ ಒಲೆ ಹಚ್ಚುತ್ತಿದ್ದೆವು. ಬರಬೇಡಿ ಎಂದು ಯಾರೂ ಹೇಳಿದವರಲ್ಲ.

ಈ ಸಲ ಬ್ರೇಕ್ ಬಂತು, ಹೊಸ ಕರಾರು ಬರಲಿಲ್ಲ. "ಕರಾರ ಮುಗದೈತ್ರಿ ಅಕ್ಕಾರ, ಇನ್ನ ಬರೂದು ಬ್ಯಾಡ್ರಿ," ಎಂದು ವ್ಯವಸ್ಥಾಪಕರು ಬಾಗಿಲಲ್ಲೇ ಹೇಳಿದರು. ನೋಟಿಸಿಲ್ಲ, ಪರಿಹಾರವಿಲ್ಲ. ನನ್ನ ಜೊತೆ ರೊಟ್ಟಿ ಬಡಿಯುತ್ತಿದ್ದ ಗೆಳತಿಯದೂ ಅದೇ ಗತಿ. ಅವಳು ತಿಕೋಟಾದ ಬಾಡಿಗೆ ಮನೆ ಬಿಟ್ಟು ತವರೂರು ಬಬಲೇಶ್ವರಕ್ಕೆ ಹೋದಳು. ಅರ್ಜಿ ಕೊಡೋಣ ಎಂದವಳು ಅವಳೇ.

ಮೊದಲ ಸಲ ಹೋದಾಗ ಕಾರ್ಮಿಕ ಅಧಿಕಾರಿ ಮೇಡಂ ಮುಚ್ಚುಮರೆಯಿಲ್ಲದೆ ಹೇಳಿದ್ದರು: "ಕರಾರ ಮುಗದ ಮ್ಯಾಲ ಹೊಸಾದು ಕೊಡಲೇಬೇಕು ಅಂತ ಕಾನೂನ ಇಲ್ರಿ. ಆದ್ರ ಕೆಲಸ ನಿಲ್ಲದ ನಡದು, ಬರೇ ಕಾಗದದಾಗ ಬ್ರೇಕ್ ತೋರಿಸಿದ್ರ ಮಾತ ಬ್ಯಾರೆ. ಹಂಗ ಬಿಡಿಸಬೇಕಂದ್ರ ನೋಟಿಸ್ ಕೊಡಬೇಕು, ಪರಿಹಾರ ಕೊಡಬೇಕು. ಬ್ರೇಕಿನ ದಿನಾನೂ ದುಡದೀರಿ ಅನ್ನಾಕ ಏನರ ಐತೇನ್ರಿ?"

ಏನಿತ್ತು? ಸುಟ್ಟ ಬೆರಳು ತೋರಿಸಿದರೆ ಅದರ ಮೇಲೆ ತಾರೀಖು ಇರುವುದಿಲ್ಲ.

ಮರುದಿನ ಮನೆಯಲ್ಲಿ ಸಾರು ಕುದಿಸಿ, ರೂಢಿಯಂತೆ ಅಂಗೈಗೆ ಒಂದು ಹನಿ ಹಾಕಿ ನೆಕ್ಕಿದೆ. ಸೌಟು ಕೈಯಲ್ಲೇ ಉಳಿಯಿತು. ರುಚಿ ಪುಸ್ತಕ! ಬಡಿಸುವ ಮೊದಲು ಅಡುಗೆಯವಳು ರುಚಿ ನೋಡಿ ತಾರೀಖು ಹಾಕಿ ಸಹಿ ಮಾಡಬೇಕು, ಕೆಳಗೆ ವಾರ್ಡನ್ ಸಹಿ. ಆ ಪುಸ್ತಕ ಅಡುಗೆಮನೆಯ ಮೊಳೆಗೆ ನೇತಾಡುತ್ತಿತ್ತು. ಬ್ರೇಕ್ ಎನ್ನುವುದು ಹಾಜರಿ ಪುಸ್ತಕಕ್ಕೆ ಮಾತ್ರ. ಮೊಳೆಯ ತನಕ ಅದು ಬಂದೇ ಇರಲಿಲ್ಲ. ಬರೀ ಸಹಿ ಸಾಕಾಗಿದ್ದರೂ ನಾನು ದಿನಾ ಒಂದೆರಡು ಸಾಲು ಬರೆಯುತ್ತಿದ್ದೆ: ಬದನೆಕಾಯಿ ಎಳೆಯದು, ಬೇಳೆ ತಡವಾಗಿ ಬೆಂದಿತು. "ಪುರಾಣ ಬರಿಯಾಕತ್ತೀ ಏನಬೇ? ಅತ್ತ ರೊಟ್ಟಿ ಸೀದು ಹೋಗಾಕತ್ತಾವು," ಎಂದು ಗೆಳತಿ ಕಾಡಿಸುತ್ತಿದ್ದಳು. ಈಗ ಫೋನಿನಲ್ಲಿ ಅವಳೇ ಚೀರಿದಳು: "ಯವ್ವಾ, ನಿನ್ನ ಪುರಾಣನ ನಮ್ಮನ್ನ ಉಳಸ್ತೈತಿ!"

ಮೇಡಮ್ಮಿಗೆ ಹೇಳಿದೆವು. ಹಾಜರಿ ಪುಸ್ತಕದ ಜೊತೆ ಅದನ್ನೂ ತರಬೇಕೆಂದು ಅವರು ಹಾಸ್ಟೆಲಿಗೆ ಬರೆದರು. ತರುತ್ತಾರೋ, ಕಳೆದುಹೋಯಿತು ಎನ್ನುತ್ತಾರೋ? ಚಹಾಕ್ಕೆ ಎರಡು ಸಲ ಸಕ್ಕರೆ ಬಿದ್ದದ್ದು ಅದಕ್ಕೇ.

ಬಬಲೇಶ್ವರದ ಬಸ್ಸಿನಿಂದ ಇಳಿದ ಗೆಳತಿ ನನ್ನ ಕೈ ಹಿಡಿದವಳು ಇಲಾಖೆಯ ಮೆಟ್ಟಿಲ ತನಕ ಬಿಡಲಿಲ್ಲ.

ವ್ಯವಸ್ಥಾಪಕರು ಹಾಜರಿ ಪುಸ್ತಕ ತೆರೆದು ಹಿಂದಿನ ವರ್ಷದ ಎರಡು ಖಾಲಿ ಮನೆಗಳ ಮೇಲೆ ಬೆರಳಿಟ್ಟರು. "ನೋಡ್ರಿ ಮೇಡಂ, ಈ ಎರಡ ದಿನ ಇವ್ರು ಬಂದೇ ಇಲ್ಲ." ಆಮೇಲೆ ಚೀಲದಿಂದ ಅರಿಶಿಣದ ಕಲೆಯ ಹಳೇ ದಪ್ಪ ಪುಸ್ತಕ ತೆಗೆದರು. "ಇದು ಅಡಗಿಮನೀದ್ರಿ. ಇದರಾಗೇನೈತಿ, ಅರಿಶಿಣ ಅಷ್ಟ." ಅವರು ಅದನ್ನು ಬಿಚ್ಚಿಯೂ ನೋಡಿರಲಿಲ್ಲ!

ಮೇಡಂ ಹಾಳೆ ತಿರುವಿದರು. ನನ್ನ ಎದೆ ಎಣ್ಣೆಗೆ ಬಿದ್ದ ಸಾಸಿವೆಯಾಗಿತ್ತು. ಅದೇ ತಾರೀಖಿನ ಹಾಳೆಗೆ ಬಂದು, ಮೇಡಂ ದೊಡ್ಡದಾಗಿ ಓದಿದರು: "'ಸಾರಿಗೆ ಉಪ್ಪು ಹೆಚ್ಚಾಗಿದೆ. ತಪ್ಪು ನನ್ನದು. ಎರಡು ಆಲೂಗಡ್ಡೆ ಹಾಕಿ ಸರಿಮಾಡಿದೆ.' ಕೆಳಗ ವಾರ್ಡನ್ ಸಹಿ." ತಲೆ ಎತ್ತಿದರು. "ಅವತ್ತ ಇವ್ರು ಬಂದಿದ್ದಿಲ್ಲ ಅಂದ್ರಿ. ಹಂಗಾರ ಉಪ್ಪ ಯಾರು ಹಾಕ್ಯಾರ್ರಿ, ನೀವಾ?"

ಗೆಳತಿ ಸೆರಗನ್ನು ಬಾಯಿಗಿಟ್ಟುಕೊಂಡರೂ ನಗು ಹೊರಗೆ ಬಂತು. ಮೇಡಂ ಹಿಂದಿನ ವರ್ಷಗಳನ್ನೂ ತಿರುವಿದರು. ಪ್ರತಿ ಬ್ರೇಕಿನಲ್ಲೂ ನಾನಿದ್ದೆ, ಬೇಳೆಯೊಂದಿಗೆ, ಬದನೆಕಾಯಿಯೊಂದಿಗೆ; ರೊಟ್ಟಿ ಬಡಿದ ಗೆಳತಿಯ ಹೆಸರೂ ಇತ್ತು.

ವ್ಯವಸ್ಥಾಪಕರು ಹೊರಗೆ ಹೋಗಿ ಫೋನಿನಲ್ಲಿ ಮಾತಾಡಿ ಬಂದರು. ಪರಿಹಾರ ತೆಗೆದುಕೊಂಡು ಕೆಲಸ ಬಿಡುತ್ತಾರೆಯೇ ಎಂದು ನಮ್ಮನ್ನು ಬಿಟ್ಟು ಮೇಡಮ್ಮನ್ನು ಕೇಳಿದರು.

"ಅವ್ರನ್ನ ಕೇಳ್ರಿ."

"ನಮಗ ಕೆಲಸ ಬೇಕ್ರಿ," ಎಂದೆ. ಗೆಳತಿ ಸೇರಿಸಿದಳು: "ಬ್ರೇಕ್ ಇಲ್ಲದ್ದು!"

ಅಂದೇ ರಾಜಿ ಪತ್ರವಾಯಿತು: ಸೋಮವಾರದಿಂದ ಇಬ್ಬರೂ ಕೆಲಸಕ್ಕೆ, ಹಳೆಯ ವರ್ಷಗಳೂ ಲೆಕ್ಕಕ್ಕೆ, ಇನ್ನು ಬ್ರೇಕ್ ಇಲ್ಲ. ಎರಡು ಸಲ ಓದಿ ಸಹಿ ಮಾಡಿದೆ.

ಸೋಮವಾರ ಪುಸ್ತಕ ಮತ್ತೆ ಮೊಳೆಗೆ ಬಂದಿತ್ತು. ಸಾರು ಕುದಿಯಿತು, ಅಂಗೈಗೆ ಒಂದು ಹನಿ ಹಾಕಿ ನೋಡಿದೆ, ಪೆನ್ನು ತೆಗೆದೆ. ಬಾಗಿಲಲ್ಲಿ ನಿಂತಿದ್ದ ವ್ಯವಸ್ಥಾಪಕರು, "ಅಕ್ಕಾರ, ಬರೇ ಸಹಿ ಮಾಡಿದ್ರ ಸಾಕ್ರಿ," ಎಂದರು.

"ಹೂಂನ್ರಿ," ಎಂದು, ಬರೆದೆ: ಸಾರಿಗೆ ಉಪ್ಪು ಸ್ವಲ್ಪ ಕಡಿಮೆ.