ಗೋಬರ್ ಗ್ಯಾಸಿಗೆ ಎತ್ತಿದ ಆರತಿ

ಬೆಳಿಗ್ಗೆ ಹತ್ತು ಗಂಟೆ ಹತ್ತು ನಿಮಿಷಕ್ಕೆ ನಾನು ಗ್ಯಾಸಿನ ಕಾಕ್, ಅಂದರೆ ನಲ್ಲಿ, ತೆರೆದೆ. ಹೊತ್ತು ಇಷ್ಟು ನಿಖರವಾಗಿ ಗೊತ್ತಿರಲು ಕಾರಣ, ಅದನ್ನು ನಾನೇ ಒಂದು ವಹಿಯಲ್ಲಿ ಬರೆದಿಟ್ಟಿದ್ದೆ. ಕಾಲೇಜಿನ ಪ್ರಯೋಗಶಾಲೆಯಲ್ಲಿ ಅಂಟಿದ ಚಟ. ‘ಎರಡನೆಯ ತುಂಬು. ಹೊರಗೆ ಬಿಡಲು ಶುರು, 10-10.’ ಬರೆದು ಮುಗಿಸುವಷ್ಟರಲ್ಲಿ ಒಲೆಯ ಮೇಲೆ ಹಾಲಿಟ್ಟದ್ದು ನೆನಪಾಗಿ ಒಳಗೆ ಓಡಿದೆ. ಕಾಕ್ ತೆರೆದಿದೆ ಎಂದು ಯಾರಿಗೂ ಹೇಳಲಿಲ್ಲ. ಮುಂದೆ ಮೂರು ವಾರ ನನ್ನ ನಿದ್ದೆ ತಿಂದದ್ದು, ಇನ್ನೊಬ್ಬರ ಹೊಟ್ಟೆಯ ಮೇಲೆ ಹೊಡೆಯಲಿದ್ದದ್ದು, ಈ ಹೇಳದೆ ಹೋದ ಮಾತೇ.

ಆಗ ನಾನು ಸಂಪಗಾಂವಿಗೆ ಸೊಸೆಯಾಗಿ ಬಂದು ಆರು ತಿಂಗಳು. ತವರು ಸವದತ್ತಿ, ಓದಿದ್ದು ಧಾರವಾಡದಲ್ಲಿ, ಬಿ.ಎಸ್ಸಿ. ನನ್ನವರು ಕಿತ್ತೂರಿನ ಸಾಲೆಯಲ್ಲಿ ಮಾಸ್ತರು, ಶನಿವಾರ ಬಂದು ಸೋಮವಾರ ಹೋಗುತ್ತಿದ್ದರು. ಉಳಿದ ದಿನ ಮನೆಯಲ್ಲಿ ಅತ್ತೆ, ಮಾವ, ನಾನು, ಮತ್ತು ಏಳು ದನ.

ಎಪ್ಪತ್ತರ ದಶಕದ ನಡುವಿನ ವರ್ಷಗಳವು. ಹೊರದೇಶದಲ್ಲಿ ಎಣ್ಣೆಯ ಬೆಲೆ ಏರಿ, ಬೈಲಹೊಂಗಲದ ಚಿಮಣಿ ಎಣ್ಣೆಯ ಅಂಗಡಿಯ ಮುಂದೆ ಡಬ್ಬಿಗಳ ಸಾಲು ರಸ್ತೆ ದಾಟಿ ಹೋಗಿತ್ತು. ಮಾವನವರು ಒಂದು ದಿನ ಖಾಲಿ ಡಬ್ಬಿ ಹಿಡಿದೇ ಹಿಂದೆ ಬಂದರು. ಕಟ್ಟೆಯ ಮೇಲೆ ಅದನ್ನು ಕುಕ್ಕಿ, “ಅವರ ಬಾವ್ಯಾಗಿನ ಎಣ್ಣಿ ಅವರ ಕುಡೀಲಿ. ನಾವು ನಮ್ಮ ಬಾವ್ಯಾಗ ಗ್ಯಾಸ್ ಮಾಡೂಣು” ಎಂದರು. “ಸೊಸಿ ಬಿ.ಎಸ್ಸಿ. ಆಗ್ಯಾಳ. ಇನ್ನೇನ ಬೇಕು?”

“ಆಕಿ ಏನ ಹೆಂಡಿ ಒಳಗ ಬಿ.ಎಸ್ಸಿ. ಮಾಡ್ಯಾಳೇನ್ರಿ?” ಎಂದರು ಅತ್ತೆ.

ಮಾವನವರ ಲೆಕ್ಕ ಸರಳವಾಗಿತ್ತು. ಹೆಂಡಿಯನ್ನು, ಅಂದರೆ ಸಗಣಿಯನ್ನು, ಕುಳ್ಳು ಬಡಿದು ಸುಟ್ಟರೆ ಹೊಲಕ್ಕೆ ಗೊಬ್ಬರವಿಲ್ಲ. ತಿಪ್ಪೆಗೆ ಹಾಕಿದರೆ ಒಲೆಗೆ ಉರುವಲಿಲ್ಲ. ಬಾವಿಗೆ ಹಾಕಿದರೆ ಗ್ಯಾಸೂ ಸಿಗುತ್ತದೆ, ಹೊರಬಂದ ರಾಡಿ ಗೊಬ್ಬರವೂ ಆಗುತ್ತದೆ. “ಒಂದ ಎಮ್ಮಿ, ಎರಡು ಕರಾವು” ಎಂದು ಊರ ತುಂಬ ಹೇಳಿಕೊಂಡು ಬಂದರು. ಸರ್ಕಾರ ಒಂದಿಷ್ಟು ಸಹಾಯಧನ ಕೊಡುತ್ತಿತ್ತು. ಉಳಿದದ್ದಕ್ಕೆ ಹತ್ತಿ ಮಾರಿದ ಹಣ ಬಂತು.

ಲೆಕ್ಕದಲ್ಲಿ ಸೇರದೆ ಉಳಿದವಳು ಓಣಿಯ ಒಬ್ಬ ಮುದುಕಿ. ನಮ್ಮ ದನದ ಕೊಟ್ಟಿಗೆಯಲ್ಲಿ ಮಿಕ್ಕ ಹೆಂಡಿಯನ್ನು ಅವಳು ದಿನಾ ಒಯ್ದು ಕುಳ್ಳು ಬಡಿದು ತನ್ನ ಒಲೆ ಹಚ್ಚುತ್ತಿದ್ದಳು. ಬಾವಿ ತೋಡಿದ್ದು ನೋಡಿ, “ನಿಮ್ಮ ಒಲಿ ಹತ್ತತೈತಿ, ನಂದು ಆರತೈತಿ, ಹೌದಲ್ಲೇನವಾ?” ಎಂದು ನನ್ನನ್ನೇ ಕೇಳಿದಳು. ಉತ್ತರ ಕೊಟ್ಟವರು ಅತ್ತೆ. “ಹತ್ತಿಕಟಗಿ ಇನ್ನ ನಮಗ್ಯಾಕ ಬೇಕು? ಹೊಲದಾಗಿಂದ ಹೊತ್ತಕೊಂಡ ಹೋಗು. ದಿನಾ ಬಂದು ನನ್ನ ತಲಿ ತಿನಬ್ಯಾಡ.” ಮುದುಕಿ ಕಟಿಗೆಯನ್ನೂ ಒಯ್ದಳು, ತಲೆಯನ್ನೂ ತಿಂದಳು.

ಕೆಲಸಕ್ಕೆ ಬಂದವನು ಬೈಲಹೊಂಗಲದ ಮಿಸ್ತ್ರಿ. ಮುಸಲ್ಮಾನರವನು, ನಲವತ್ತರ ಆಸುಪಾಸು, ಪೈಪು ಕೂಡಿಸುವುದರಲ್ಲಿ ಗಟ್ಟಿಗ. ಆಳುದ್ದದ ಬಾವಿ ತೋಡಿಸಿ ಇಟ್ಟಿಗೆ ಕಟ್ಟಿಸಿದ. ಪಕ್ಕದಲ್ಲಿ ಹೆಂಡಿ-ನೀರು ಕಲಸಿ ಒಳಗೆ ಬಿಡಲು ಒಂದು ತೊಟ್ಟಿ. ಬಾವಿಯ ಮೇಲೆ, ಬೋರಲು ಹಾಕಿದ ಕೊಳಗದ ಹಾಗೆ, ಒಂದು ದೊಡ್ಡ ಕಬ್ಬಿಣದ ಡ್ರಮ್ಮು. ಒಳಗೆ ಗ್ಯಾಸ್ ಕೂಡಿದಂತೆ ಡ್ರಮ್ಮು ಮೇಲೇಳುತ್ತದೆ, ಖರ್ಚಾದಂತೆ ಇಳಿಯುತ್ತದೆ. ಅದರ ನೆತ್ತಿಗೆ ಒಂದು ಹಿತ್ತಾಳೆಯ ಕಾಕ್, ಅಲ್ಲಿಂದ ಅಡಿಗೆಮನೆಗೆ ಪೈಪು. ಇದು ಅವನು ಸ್ವಂತ ಹೊಣೆಯಲ್ಲಿ ಮಾಡಿದ ಮೊದಲ ಕೆಲಸ. ಮುಂದಿನದು ಮನೋಳಿಯಲ್ಲಿ. ಅಲ್ಲಿ ಬಾವಿ ಅರ್ಧ ತೋಡಿಯಾಗಿತ್ತು.

ಡ್ರಮ್ಮು ಮೊದಲ ಸಲ ತುಂಬಿದ ಗ್ಯಾಸನ್ನು, ಅಂದರೆ ಮೊದಲ ತುಂಬನ್ನು, ಅವನೇ ಗಾಳಿಗೆ ಬಿಟ್ಟ. ಮನೋಳಿಗೆ ಹೊರಡುವಾಗ ನನಗೆ ಹೇಳಿದ, “ಬಾಯಾರ, ಎರಡನೇ ತುಂಬೂ ಹೊರಗ ಬಿಡ್ರಿ. ಅದರಾಗ ಇನ್ನೂ ಗಾಳಿ ಕೂಡಿರತೈತಿ. ಒಲಿಗೆ ಹಚ್ಚೂದು ಮೂರನೇದು. ಬಿಡುಮುಂದ ಸುತ್ತಮುತ್ತ ಬೆಂಕಿ ಇರಬಾರದು. ಕಾಕಾ ಬೀಡಿ ಸೇದತಾರ, ಅವರನ್ನ ಹೊರಗ ಕಳಸ್ರಿ.”

ನಾನು ಮಾವನವರನ್ನು ಹೊರಗೆ ಕಳಿಸಿದೆ. ರಬ್ಬರ್ ಪೈಪು ಬಿಚ್ಚಿದೆ. ಕಾಕ್ ತೆರೆದೆ, ಬರೆದೆ, ಹಾಲಿಗೆ ಓಡಿದೆ. ಬೀಡಿಯ ಬಗ್ಗೆ ಯೋಚಿಸಿದವಳಿಗೆ ಕರ್ಪೂರ ಹೊಳೆಯಲಿಲ್ಲ.

ಅಂದು ಶುಕ್ರವಾರ. ನಮ್ಮ ಕಡೆ ಹೊಸ ಗಾಡಿ ಬಂದರೂ ಹೊಸ ಕುಂಟೆ ಬಂದರೂ ಪೂಜೆಯಿಲ್ಲದೆ ಮುಟ್ಟುವುದಿಲ್ಲ. ಅತ್ತೆ ನಸುಕಿನಲ್ಲೇ ಡ್ರಮ್ಮಿನ ಹೊಟ್ಟೆಗೆ ಮೂರು ಬೆರಳಿನಿಂದ ಮೂರು ಗೆರೆ ವಿಭೂತಿ ಎಳೆದಿದ್ದರು. ಆರತಿ ಮಧ್ಯಾಹ್ನಕ್ಕೆ ಎಂದು ನಾನು ತಿಳಿದಿದ್ದೆ. ಆದರೆ ಹಿತ್ತಿಲಲ್ಲಿ ಕಾಕಿನಿಂದ ‘ಸುಸ್ಸ್’ ಎಂದು ಸಪ್ಪಳ ಬರುತ್ತಿದ್ದುದು ಅವರಿಗೆ ಕೇಳಿದೆ. ಇಷ್ಟು ದಿನ ಮೂಕವಾಗಿದ್ದದ್ದು ಮಾತಾಡತೊಡಗಿದೆ, ಇನ್ನು ತಡ ಮಾಡಬಾರದು ಎಂದುಕೊಂಡು ಕಾಕಿಗೆ ಚೆಂಡುಹೂವಿನ ಸರ ಹಾಕಿ, ಕರ್ಪೂರ ಹಚ್ಚಿ, ತಾಟು ಎತ್ತಿದ್ದಾರೆ.

‘ಭಗ್’ ಎಂದದ್ದು ನನಗೆ ಅಡಿಗೆಮನೆಯಲ್ಲಿ ಕೇಳಿಸಿತು.

ಹೊರಗೆ ಬಂದು ನೋಡಿದರೆ ಬೆಂಕಿಯೇ ಕಾಣಲಿಲ್ಲ. ಇದನ್ನು ಈಗಲೂ ಮನಸ್ಸಿನಲ್ಲಿ ಮತ್ತೆ ಮತ್ತೆ ನೋಡುತ್ತೇನೆ. ಆ ಉರಿ ಬಿಸಿಲಿನಲ್ಲಿ ಕಾಣುವುದಿಲ್ಲ. ಕಾಕಿನ ಮೇಲೆ ಗಾಳಿ ನಡುಗುತ್ತಿತ್ತು, ಬೇಸಿಗೆಯಲ್ಲಿ ಎರೆಹೊಲದ ಮೇಲೆ ನಡುಗುವಂತೆ. ಅದರ ಕೆಳಗೆ ಚೆಂಡುಹೂ ಒಂದೊಂದಾಗಿ ಕರ್ರಗಾಗಿ ಮುರುಟುತ್ತಿತ್ತು. ಅತ್ತೆ ಒಂದು ಹೆಜ್ಜೆ ಹಿಂದೆ ನಿಂತಿದ್ದರು. ಒಂದು ಹುಬ್ಬು ಇರಲಿಲ್ಲ. ತಾಟು ಕೆಳಗೆ ಬಿದ್ದಿತ್ತು.

“ಸರೀರಿ ಅತ್ತೀ! ಹಿಂದ ಸರೀರಿ!”

“ಯಾಕ? ಹೂವು ಒಣಗಿತಲ್ಲ, ಅಷ್ಟ.”

ನನ್ನ ಕಣ್ಣು ವಿಭೂತಿಯ ಮೇಲಿತ್ತು. ಗ್ಯಾಸ್ ಹೋದಂತೆ ಡ್ರಮ್ಮು ಇಳಿಯುತ್ತಿತ್ತು. ಕೆಳಗಿನ ಗೆರೆ ಆಗಲೇ ರಾಡಿಯಲ್ಲಿ ಮುಳುಗಿತ್ತು. ಮೂರೂ ಗೆರೆ ಮುಳುಗಿ ಡ್ರಮ್ಮು ತಳ ಮುಟ್ಟಿದರೆ ಒತ್ತಡ ನಿಲ್ಲುತ್ತದೆ. ಒತ್ತಡ ನಿಂತರೆ ಉರಿ ಕಾಕಿನೊಳಗೆ ಹೊಕ್ಕು, ಗಾಳಿ ಬೆರೆತ ಗ್ಯಾಸಿಗೆ ತಗಲುತ್ತದೆ. ಪ್ರಯೋಗಶಾಲೆಯಲ್ಲಿ ಒಂದು ಗಾಜಿನ ನಳಿಗೆಯಷ್ಟು ಹೈಡ್ರೋಜನ್ ‘ಟಪ್’ ಎಂದಾಗ ಹುಡುಗಿಯರೆಲ್ಲ ಕಿರುಚಿ ನಗುತ್ತಿದ್ದೆವು. ಇಲ್ಲಿದ್ದದ್ದು ಒಂದು ಕರು ಹಿಡಿಸುವಷ್ಟು ದೊಡ್ಡ ನಳಿಗೆ.

ನಾನು ಕೊಡ ಎತ್ತಿ ನೀರು ಎರಚಿದೆ. ಅರ್ಧ ಅತ್ತೆಯ ಮೇಲೆ, ಅರ್ಧ ಬಾವಿಯ ಕಟ್ಟೆಯ ಮೇಲೆ. ನಡುವಿನ ಗೆರೆ ಮುಳುಗಿತು. ಕೂಗಿಗೆ ಓಡಿಬಂದ ಮಾವನವರು “ನೀರು! ನೀರು!” ಎನ್ನುತ್ತ ನನ್ನ ಸುತ್ತಲೇ ತಿರುಗಿದರು, ಬಾಯಲ್ಲಿ ಬೀಡಿ.

“ಅದನ್ನ ಉಗಳ್ರಿ ಮೊದಲ!” ಎಂದರು ಅತ್ತೆ. ಹೇಳುತ್ತಲೇ ಬಗ್ಗಿ, ತೊಟ್ಟಿಯ ಪಕ್ಕದ ಹಸಿ ಹೆಂಡಿಯನ್ನು ಎರಡೂ ಕೈ ತುಂಬ ಎತ್ತಿ, ಮೂವತ್ತು ವರ್ಷ ಗೋಡೆಗೆ ಬಡಿದ ಅದೇ ಕೈಯಿಂದ ಕಾಕಿನ ಬಾಯಿಗೆ ಒಂದು ಕುಳ್ಳು ಬಡಿದರು. ಚಟ್ ಎಂದಿತು, ಉರಿ ಆರಿತು. ನಾನು ಸೆರಗು ಸುತ್ತಿಕೊಂಡು ಹೆಂಡಿಯೊಳಗೆ ಕೈ ಹಾಕಿ ಕಾಕ್ ತಿರುವಿದೆ. ಮೇಲಿನ ಗೆರೆ ರಾಡಿಯಿಂದ ಒಂದೇ ಬೆರಳು ಎತ್ತರದಲ್ಲಿ ನಿಂತಿತು.

ಮಾವನವರು ಕಟ್ಟೆಯ ಮೇಲೆ ಕುಸಿದು ಕುಳಿತು ಅತ್ತೆಯ ಮುಖ ನೋಡಿದರು. “ನಿನ್ನ ಹುಬ್ಬ ಎಲ್ಲಿ ಹೋತು?”

“ದೇವರಿಗೆ ಏರಿಸೇನಿ” ಎಂದರು ಅತ್ತೆ. ಆಮೇಲೆ ಕೆಳಗೆ ಬಿದ್ದ ತಾಟು ಎತ್ತಿಕೊಂಡರು.

ಸಂಜೆಯೊಳಗೆ ಊರು ಒಂದು ಕಥೆ ಕಟ್ಟಿತು. ಮಿಸ್ತ್ರಿ ಹಾಕಿದ ಕಾಕ್ ಸೋರುತ್ತಿತ್ತು, ಕಲಿತ ಸೊಸೆ ಸೆರಗಿನಿಂದ ತಿರುವಿ ಮನೆ ಉಳಿಸಿದಳು. ಮಾವನವರೂ ನಾಲ್ಕು ಮಂದಿಯ ಮುಂದೆ, ಅಲ್ಲಿಲ್ಲದ ಮಿಸ್ತ್ರಿಗೆ ಬೈದರು. ನನ್ನನ್ನು ನೋಡಲು ಹೆಂಗಸರು ಬಂದರು, ಚಹಾ ಕುಡಿದು ಹೋದರು. ಒಬ್ಬರಾದರೂ ಕಾಕ್ ಯಾರು ತೆರೆದರೆಂದು ಕೇಳಲಿಲ್ಲ. ಕೇಳದ ಮಾತಿಗೆ ಉತ್ತರ ಯಾಕೆ ಎಂದು ನಾನೂ ಸುಮ್ಮನಿದ್ದೆ. ಮೊದಲ ದಿನ ಸುಮ್ಮನಿರುವುದು ಸುಲಭ. ಎರಡನೆಯ ದಿನ ಅದು ಸುಳ್ಳಾಗುತ್ತದೆ.

ಅತ್ತೆ ಆ ಒಲೆಯ ಹತ್ತಿರ ಹೋಗಲು ಒಪ್ಪಲಿಲ್ಲ. “ತಾನ ಸೋರೂ ಕಾಕ್ ನಂಬಿ ನಾ ರೊಟ್ಟಿ ಬಡೀಲ್ಯಾ?” ಮತ್ತೆ ಹತ್ತಿಕಟಿಗೆ, ಮತ್ತೆ ಹೊಗೆ. ಡ್ರಮ್ಮು ತಾನಾಗಿ ತುಂಬಿ, ಅಂಚಿನಿಂದ ಗುಳುಗುಳು ಎಂದು ಗ್ಯಾಸ್ ಆಕಾಶಕ್ಕೆ ಹೋಗುತ್ತಿತ್ತು. “ಮುಗಿಲಿಗೆ ಅಡಿಗಿ ಮಾಡಾಕ ಹತ್ತೇವಿ” ಎಂದು ಮಾವ ನಗುತ್ತಿದ್ದರು. ಆ ಗುಳುಗುಳು ನನಗೆ ರಾತ್ರಿಯೆಲ್ಲ ಕೇಳುತ್ತಿತ್ತು. ಎದ್ದು ಕತ್ತಲಲ್ಲೇ ಹೋಗಿ ಕಾಕ್ ಮುಟ್ಟಿ ನೋಡಿ ಬರುತ್ತಿದ್ದೆ. ಮಲಗಿದರೆ ಗೆರೆಗಳು ಮುಳುಗುತ್ತಿದ್ದವು. ಕನಸಿನಲ್ಲಿ ಮೇಲಿನ ಗೆರೆಯೂ ಮುಳುಗುತ್ತಿತ್ತು.

ಮೂರನೆಯ ವಾರ ಮಿಸ್ತ್ರಿ ಬಂದ. ಮುಖ ಇಳಿದಿತ್ತು. ಸುದ್ದಿ ಮನೋಳಿಗೆ ಮುಟ್ಟಿ, ಅಲ್ಲಿ ಬಾವಿ ತೋಡುವುದನ್ನು ನಿಲ್ಲಿಸಿದ್ದರು. ಅವನು ಕಾಕ್ ಬಿಚ್ಚಿ, ಅದನ್ನು ತಿರುವಿ ಬಂದ್ ಮಾಡಿ ಬಕೀಟಿನ ನೀರಿನಲ್ಲಿ ಅದ್ದಿ, ಇನ್ನೊಂದು ತುದಿಯಿಂದ ಊದಿದ. ಒಂದು ಗುಳ್ಳೆಯೂ ಏಳಲಿಲ್ಲ.

“ನೋಡ್ರಿ ಕಾಕಾ. ಎಲ್ಲಿ ಸೋರತೈತಿ?”

“ಈಗ ಸೋರೂದಿಲ್ಲಪಾ. ಅವತ್ತ ಸೋರಿರಬೇಕು. ಏನ್ ಕಾಕ್ ಮುಂದ ಬಂದು ಸಾಕ್ಷಿ ಹೇಳತೈತೇನ?”

“ನನ್ನ ಮಾತ ಬಿಡ್ರಿ. ಮನೋಳ್ಯಾವರು ಬ್ಯಾರೆ ಮಿಸ್ತ್ರಿ ನೋಡಾಕ ಹತ್ಯಾರ. ಇದೊಂದು ಕೆಲಸ ಹೋದ್ರ ಇನ್ನ ಯಾರೂ ಕರಿಯೂದಿಲ್ಲರಿ ನನ್ನ.”

ಅವನು ನನ್ನ ಕಡೆ ನೋಡಲಿಲ್ಲ. ನೋಡಿದ್ದರೆ ಬಹುಶಃ ನಾನು ಒಳಗೆ ಹೋಗಿಬಿಡುತ್ತಿದ್ದೆ. ಬಕೀಟು ಚೆಲ್ಲಲು ಎದ್ದ. ಆಗ ನನ್ನ ಬಾಯಿ ತಾನೇ ಬಿಚ್ಚಿತು.

“ಕಾಕ್ ಸೋರಿಲ್ಲರಿ ಮಾವಾರ. ನಾನ ತೆರದಿದ್ದೆ. ತೆರದು, ಯಾರಿಗೂ ಹೇಳದ ಒಳಗ ಹೋದೆ. ಮಿಸ್ತ್ರಿ ನನಗ ಎಲ್ಲಾ ಹೇಳಿ ಹೋಗಿದ್ರು.”

ಮಾವನವರು ಬೀಡಿ ಹಚ್ಚಲು ಹೋದವರು ಹಾಗೆಯೇ ನಿಂತರು. ಅತ್ತೆ ಬಾಗಿಲಲ್ಲಿದ್ದರು.

“ಆ ಸಪ್ಪಳ ನಿಂದಾ?”

“ಹೌದ್ರಿ.”

“ಹಾಲು ಉಕ್ಕಿದ್ರ ಊರಿಗೆ ಕೇಳೂಹಂಗ ಒದರತಿ. ಮನಿ ಉಕ್ಕೂ ಮಾತು ಇಪ್ಪತ್ತ ದಿನಾ ನುಂಗಿಕೊಂಡ ಕುಂತೇನ?” ಅಷ್ಟು ಹೇಳಿ ಒಳಗೆ ಹೋದರು. ಎರಡು ದಿನ ನನ್ನೊಡನೆ ಮಾತಿಲ್ಲ. ರೊಟ್ಟಿ ಮಾತ್ರ ನನ್ನ ತಾಟಿಗೆ ಮೊದಲಿನಂತೆಯೇ ಎರಡು ಬಿಸಿ, ಒಂದು ತಂಗಳು.

ಮಿಸ್ತ್ರಿ ಸಿಟ್ಟಾಗಲಿಲ್ಲ. ಕಾಕನ್ನು ಒರೆಸುತ್ತ, “ನಂದೂ ಒಂದು ತಪ್ಪೈತ್ರಿ ಬಾಯಾರ. ಬೀಡಿ ನೆನಪಾತು, ಪೂಜಾ ನೆನಪಾಗಲಿಲ್ಲ” ಎಂದ. “ಆದ್ರ ಇಲ್ಲಿ ಹೇಳಿದ್ರ ಮನೋಳಿಗೆ ಕೇಳಸೂದಿಲ್ಲಲ್ಲರಿ.”

ಮೂರನೆಯ ದಿನ ಬೆಳಿಗ್ಗೆ ಮಾವನವರು ಟೋಪಿ ಹಾಕಿಕೊಂಡು ಬಾಗಿಲಲ್ಲಿ ನಿಂತರು. “ನಡಿಯವಾ, ಮನೋಳಿಗೆ ಹೋಗಿ ಬರೂಣು.” ಬೈಲಹೊಂಗಲ, ಸವದತ್ತಿ, ಅಲ್ಲಿಂದ ಮನೋಳಿ. ಬಸ್ಸಿನಲ್ಲಿ ಅವರು ಒಂದೇ ಮಾತು ಆಡಿದರು. “ನಾ ಮಿಸ್ತ್ರಿಗೆ ನಾಕ ಮಂದ್ಯಾಗ ಬೈದಿದ್ದೆ. ನಾಕ ಮಂದ್ಯಾಗ ತಿರುಗಿ ತಗೋಬೇಕು.”

ಹೊಳೆಯ ದಂಡೆಯ ಹತ್ತಿರದ ಆ ಮನೆಯಲ್ಲಿ ನಾಲ್ಕಲ್ಲ, ಹದಿನಾಲ್ಕು ಮಂದಿ ಸೇರಿದರು. ಮಾವನವರು ತಮ್ಮ ತಪ್ಪು ಹೇಳಿದರು, ನಾನು ನನ್ನದನ್ನು ಹೇಳಿದೆ. ಹೆಂಡಿ ಬಡಿದ ಮಾತಿಗೆ ಬಂದಾಗ ಮನೆಯ ಯಜಮಾನಿ ನಕ್ಕುಬಿಟ್ಟಳು. ಆಮೇಲೆ ಎಲ್ಲರೂ. ಯಜಮಾನ ಮಾತ್ರ ನಗಲಿಲ್ಲ. “ಅಂದ್ರ ಪೂಜಾ ಮಾಡಬಾರದೇನು?” ಎಂದ.

ಬೈಲಹೊಂಗಲದಲ್ಲಿ ನಮ್ಮ ಜೊತೆಯಾಗಿ ಬಂದು ಮೂಲೆಯಲ್ಲಿ ನಿಂತಿದ್ದ ಮಿಸ್ತ್ರಿ ಮುಂದೆ ಬಂದ. “ಮಾಡ್ರಿ ಸಾವಕಾರ್ರ. ಹೆಂಡಿ ಹಾಕೂಕಿಂತ ಮೊದಲ ಮಾಡ್ರಿ. ಖಾಲಿ ಡ್ರಮ್ಮಿಗೆ ಎಷ್ಟ ಬೇಕು ಅಷ್ಟ ಕರ್ಪೂರ ಹಚ್ಚರಿ, ನಾನ ಕಾಯಿ ಒಡಿತೇನಿ.”

ಯಜಮಾನ ತನ್ನ ಆಳಿನ ಕಡೆ ತಿರುಗಿ, “ಸಲಿಕಿ ಎಲ್ಲೈತಲೇ?” ಎಂದ. ನಾವು ಊಟ ಮುಗಿಸಿ ಏಳುವಾಗ ಹಿತ್ತಿಲಲ್ಲಿ ಮಣ್ಣು ತೋಡುವ ಸಪ್ಪಳ ಬರುತ್ತಿತ್ತು.

ಮನೆ ಮುಟ್ಟಿದಾಗ ದೀಪ ಹಚ್ಚುವ ಹೊತ್ತು. ಮಾವನವರು ಎಲ್ಲ ಹೇಳಿದರು, ಅತ್ತೆ ಕೇಳಿಸಿಕೊಂಡರು. ನಾನು ಹಾಸಿಗೆಗೆ ಬಿದ್ದದ್ದು ನೆನಪಿದೆ. ಕಣ್ಣು ಬಿಟ್ಟಾಗ ಬಿಸಿಲು ಎದೆಯ ಮೇಲಿತ್ತು. ಗಾಬರಿಯಾಗಿ ಎದ್ದೆ. ಆ ಮನೆಯಲ್ಲಿ ದಿನಾ ನಸುಕಿಗೆ ನನ್ನನ್ನು ಎಬ್ಬಿಸುತ್ತಿದ್ದದ್ದು ಅಡಿಗೆಮನೆಯ ಹೊಗೆ. ಅವತ್ತು ಹೊಗೆ ಬಂದಿರಲಿಲ್ಲ.

ಒಳಗೆ ಅತ್ತೆ ಹೊಸ ಒಲೆಯ ಮುಂದೆ ಕುಳಿತು ರೊಟ್ಟಿ ಬಡಿಯುತ್ತಿದ್ದರು. ನೀಲಿ ಉರಿ, ಮೇಲೆ ಹಂಚು. ಒಂದೂವರೆ ಹುಬ್ಬಿನ ಮುಖ ಎತ್ತಿ ನನ್ನನ್ನು ನೋಡಿ, “ಎದ್ದೇನು ಬಿ.ಎಸ್ಸಿ.? ಇಂಥಾ ನಿದ್ದಿ ಎಮ್ಮೀನೂ ಮಾಡೂದಿಲ್ಲ. ಮುಖ ತೊಳಕೊಂಡ ಬಾ, ರೊಟ್ಟಿ ಆರತಾವು” ಎಂದರು.