ನೀರಿನಡಿಯ ದಾರಿ

ಆ ವರ್ಷ ಮಾರಿಕಣಿವೆಯ ಹಿನ್ನೀರು ಸದ್ದಿಲ್ಲದೆ ನಮ್ಮೂರಿನ ಹೊಲಗಳಿಗೆ ಬಂತು. ಪಕ್ಕದ ಹೊಲದವನ ತಂತಿಬೇಲಿಯಲ್ಲಿ ನೀರು ಯಾವ ಕಂಬ ಮುಟ್ಟಿತೆಂದು ಪ್ರತಿ ಸಂಜೆ ದಿನಚರಿಯಲ್ಲಿ ಬರೆದಿಡುತ್ತಿದ್ದೆ. ಭಾನುವಾರ ನಾಲ್ಕನೆಯದು. ಬುಧವಾರ ಏಳನೆಯದು. ಆಮೇಲೊಂದು ಮುಂಜಾನೆ ಎಣಿಸಲು ಕಂಬಗಳೇ ಇರಲಿಲ್ಲ. ಅವು ಇದ್ದ ಕಡೆ ಮೋಡಗಳು ತೇಲುತ್ತಿದ್ದವು.

ಆ ಬೇಲಿ ತೆಗೆಸಬೇಕೆಂದು ನನ್ನ ಸೋದರತ್ತೆ ಹೊಸದುರ್ಗದ ಕೋರ್ಟಿಗೆ ಅರ್ಜಿ ಹಾಕಿದ್ದಳು. ನಮ್ಮ ಕುರಿಗಳು ನೀರಿಗೆ ಹೋಗುವ ದಾರಿಗೆ ಅದು ಅಡ್ಡವಾಗಿತ್ತು. ಅಲ್ಲಿ ದಾರಿ ಎಂದೂ ಇರಲಿಲ್ಲವೆಂದು ಬೇಲಿಯವನು ಕೋರ್ಟಿಗೆ ಬರೆದುಕೊಟ್ಟಿದ್ದ. ಬೇಲಿಗಿಂತ ಆ ಮಾತೇ ಅತ್ತೆಗೆ ಹೆಚ್ಚು ಚುಚ್ಚಿತ್ತು. ಅವಳ ಅಜ್ಜಿ ನಡೆದ ದಾರಿ ಅದು.

ವಿಚಾರಣೆ ಬೇಗ ಮುಗಿಯಿತು. ದಾರಿ, ಬೇಲಿ ಎರಡೂ ಮುಳುಗಿವೆ, ತೀರ್ಮಾನಿಸಲು ಏನೂ ಉಳಿದಿಲ್ಲ ಎಂದು ನ್ಯಾಯಾಧೀಶರು ಅರ್ಜಿ ವಜಾ ಮಾಡಿದರು. ನೀರು ಇಳಿದ ಮೇಲೆ ಬೇಕಿದ್ದರೆ ಹೊಸದಾಗಿ ಬರಬಹುದಂತೆ.

"ಸೋತ್ವೇನ್ರಿ?" ಹೊರಗೆ ಅತ್ತೆ ವಕೀಲರನ್ನು ಕೇಳಿದಳು.

"ಸೋತಿಲ್ಲಮ್ಮ. ಗೆದ್ದೂ ಇಲ್ಲ."

"ಮತ್ತೆ ದಾರಿ ಇತ್ತೋ ಇಲ್ವೋ?"

"ಅದನ್ನ ಯಾರೂ ಹೇಳ್ಲಿಲ್ಲ ನೋಡ್ರಿ."

ಊರಿಗೆ ಬಸ್ಸು ಹತ್ತಿದೆವು. ಕಿಟಕಿಗೊರಗಿ ನಾನು ತೂಕಡಿಸಿದೆ. ಕನಸಿನಲ್ಲಿ ನಮ್ಮ ಮಂದೆ ನೀರಿನಡಿ ನಡೆಯುತ್ತಿತ್ತು, ಉಣ್ಣೆಯೊಳಗಿಂದ ಗುಳ್ಳೆಗಳು ಏಳುತ್ತಿದ್ದವು.

ನಮ್ಮಲ್ಲಿ ಮಂದೆಯ ಮುಂದೆ ಮನುಷ್ಯರು ನಡೆಯುವುದಿಲ್ಲ. ಗಂಟೆ ಕಟ್ಟಿದ ಟಗರು ನಡೆಯುತ್ತದೆ. ಮರುದಿನ ಅತ್ತೆ ಯಾವುದೋ ಯೋಚನೆಯಲ್ಲಿ ಆ ದಾರಿಯ ಕಡೆಗಿದ್ದ ದೊಡ್ಡಿಯ ಹಳೆಯ ಬಾಗಿಲನ್ನೇ ತೆರೆದಳು. ಟಗರು ತನಗೆ ಗೊತ್ತಿದ್ದ ದಾರಿ ಹಿಡಿದು ನೆಟ್ಟಗೆ ನೀರಿಗಿಳಿಯಿತು. ನಾನು ಉಳಿದ ಕುರಿಗಳನ್ನು ದಡದಲ್ಲೇ ತಡೆದೆ. ಮನುಷ್ಯರ ಕುತ್ತಿಗೆಮಟ್ಟದ ನೀರಿನಲ್ಲಿ ಈಜುತ್ತಿದ್ದ ಟಗರು ಮುಳುಗಿದ ತಂತಿಗೆ ಸಿಕ್ಕಿಕೊಂಡಿತು.

ದಡದಲ್ಲಿ ಎತ್ತು ತೊಳೆಯುತ್ತಿದ್ದ ಪಕ್ಕದ ಹೊಲದವನು ಮೊದಲು ಧುಮುಕಿ ಅದರ ಕೊಂಬು ಹಿಡಿದ. ಅತ್ತೆಯೂ ಸೀರೆ ಎತ್ತಿ ಕಟ್ಟಿ ಇಳಿದಳು.

"ಅಕ್ಕಾ, ಆ ಕಡೆ ಗುಂಡಿ ಐತೆ! ದಾರಿ ಮ್ಯಾಲೇ ಬಾ!"

ಸೊಂಟಮಟ್ಟದ ನೀರಿನಲ್ಲಿ ಅತ್ತೆ ನಿಂತೇಬಿಟ್ಟಳು. "ಯಾವ ದಾರಿನಪ್ಪ?"

"ಅದೇ, ನಿಮ್ಮ ಕುರಿ ದಾರಿ! ಬ್ಯಾಗ ಬಾ, ಒದೀತೈತೆ ಇದು!"

ಅತ್ತೆ ಅವಸರ ಮಾಡಲಿಲ್ಲ. ಕಾಲಿಗೆ ಸಿಕ್ಕ ಗಟ್ಟಿ ನೆಲದ ಮೇಲೆ ಒಂದೊಂದೇ ಹೆಜ್ಜೆ ಊರಿದಳು. "ಇನ್ನೊಂದ್ಸಲ ಹೇಳು. ದಡದಾಗೆ ಇರೋರ್ಗೂ ಕೇಳ್ಲಿ."

"ಏ ಬಾರವ್ವ ತಾಯಿ! ದಾರೀನೂ ನಿಂದೇ, ಟಗರೂ ನಿಂದೇ. ಮೊದ್ಲು ಕೊಂಬು ಹಿಡ್ಕ!"